ಹೊಲಕ್ಕೆ ಬರುವ ಚಿಗರಿ: ಹಾಲು ಉತ್ಪಾದಕರಿಗೆ ನಾಲ್ಕು ಮಾತು

(ಹಾಲು ಉತ್ಪಾದಕರ ಸಂಘಗಳ ಸದಸ್ಯರ ಸಭೆಯಲ್ಲಿ ಮಾಡಿದ ಭಾಷಣ)



ಸಂಘದ ಸಭೆ ಎಂದರೆ ಹಾಲಿನ ದರ, ಕೊಬ್ಬಿನಂಶ, ಪಶು ಆಹಾರ, ಲಸಿಕೆ ಇವುಗಳದೇ ಮಾತು. ಚಿಗರಿಯ ವಿಷಯ ಇಲ್ಲಿ ಯಾಕೆ ಬಂತು ಎಂದು ನೀವು ಕೇಳಬಹುದು. ಯಲಬುರ್ಗಾ ಕಡೆಯ ಒಂದು ಸಂಘದಲ್ಲಿ ಬೆಳಗಿನ ಹಾಲು ಹಾಕಿ ಹೊರಟಿದ್ದ ಹಿರಿಯರೊಬ್ಬರು ನನ್ನನ್ನು ನಿಲ್ಲಿಸಿ ಹೀಗೆ ಕೇಳಿದರು: "ಸಾಹೇಬ್ರ, ಹೊಲ ನಂದು, ಚಿಗರಿ ಸರಕಾರದ್ದು. ನನ್ನ ಎತ್ತು ಮಂದಿ ಹೊಲಾ ಮೇಯ್ದ್ರ ನಾನು ದಂಡಾ ಕಟ್ತೀನಿ. ಸರಕಾರದ ಚಿಗರಿ ನನ್ನ ಹೊಲಾ ಮೇಯ್ದ್ರ ಯಾರ್ನ ಕೇಳ್ಲಿ?"

ನನಗೆ ಅಲ್ಲಿಯೇ ಉತ್ತರ ಹೊಳೆಯಲಿಲ್ಲ. ಈ ಭಾಷಣ ಅವರಿಗೆ ಕೊಡಬೇಕಾಗಿದ್ದ ಉತ್ತರವೆಂದು ತಿಳಿಯಿರಿ.

ಚಿಗರಿ ಯಾವ ಜಾತಿ?

ನಾವು ಇದನ್ನು ಜಿಂಕೆ ಎಂದೂ ಕರೆಯುತ್ತೇವೆ. ಆದರೆ ಪ್ರಾಣಿಶಾಸ್ತ್ರದ ಲೆಕ್ಕದಲ್ಲಿ ಇದು ಜಿಂಕೆಯಲ್ಲ. ನಿಜವಾದ ಜಿಂಕೆಗಳೆಂದರೆ ಬಂಡೀಪುರ, ನಾಗರಹೊಳೆ, ದಾಂಡೇಲಿ ಕಾಡುಗಳ ಚುಕ್ಕೆ ಜಿಂಕೆ, ಕಡವೆ, ಕಾಡುಕುರಿ. ಅವುಗಳ ಗಂಡಿಗೆ ಕವಲೊಡೆದ ಕೊಂಬು ಇರುತ್ತದೆ. ಆ ಕೊಂಬು ಉದುರಿ ಮತ್ತೆ ಹೊಸದಾಗಿ ಬೆಳೆಯುತ್ತದೆ. ನಮ್ಮ ಚಿಗರಿಯ ಕೊಂಬಿಗೆ ಕವಲಿಲ್ಲ. ತಿರುಪಿನಂತೆ ಸುತ್ತಿಕೊಂಡು ಎರಡು ಅಡಿಯವರೆಗೂ ಬೆಳೆಯುವ ಆ ಕೊಂಬು ಸಾಯುವತನಕ ಉದುರುವುದಿಲ್ಲ. ನಿಮ್ಮ ಆಕಳ ಕೊಂಬೂ ಹಾಗೆಯೇ ಅಲ್ಲವೇ? ಕೃಷ್ಣಮೃಗವೆಂಬ ಈ ಚಿಗರಿ ಆಕಳು, ಎಮ್ಮೆ, ಕುರಿ, ಮೇಕೆಗಳ ಕುಲಕ್ಕೇ ಸೇರಿದ ಪ್ರಾಣಿ. ಬಾಗಲಕೋಟೆ ಜಿಲ್ಲೆಯ ಯಡಹಳ್ಳಿ ಧಾಮದಲ್ಲಿರುವ ಚಿಂಕಾರವೂ ಇದೇ ಕುಲದ್ದು.

ಬಲಿತ ಹೋರಿಯ ಬೆನ್ನು ಕಪ್ಪು, ಹೊಟ್ಟೆ ಬಿಳುಪು. ಹೆಣ್ಣು ಮತ್ತು ಮರಿಗಳ ಬಣ್ಣ ಕಂದು. ತೂಕದಲ್ಲಿ ಒಂದು ಒಳ್ಳೆಯ ಟಗರಿನಷ್ಟು. ಗಬ್ಬದ ಕಾಲ ಸುಮಾರು ಆರು ತಿಂಗಳು. ಸಾಮಾನ್ಯವಾಗಿ ಹಾಕುವುದು ಒಂದೇ ಮರಿ. ಹುಟ್ಟಿದ ಮೊದಲ ದಿನಗಳಲ್ಲಿ ತಾಯಿ ಮರಿಯನ್ನು ಹುಲ್ಲಿನಲ್ಲಿ ಬಚ್ಚಿಟ್ಟು ತಾನು ದೂರ ಮೇಯುತ್ತದೆ. ಹೊಲದ ಬದುವಿನಲ್ಲಿ ಒಂಟಿ ಮರಿ ಕಂಡರೆ 'ಪಾಪ, ತಬ್ಬಲಿ' ಎಂದು ಮನೆಗೆ ತರಬೇಡಿ. ತಾಯಿ ಅಲ್ಲೇ ಎಲ್ಲೋ ಇರುತ್ತದೆ. ನೀವು ಎತ್ತಿ ತಂದಾಗಲೇ ಅದು ನಿಜವಾಗಿ ತಬ್ಬಲಿಯಾಗುವುದು.

ಚಿಗರಿ ದಟ್ಟ ಕಾಡಿನ ಪ್ರಾಣಿಯಲ್ಲ, ಬಯಲಿನ ಪ್ರಾಣಿ. ದೂರದವರೆಗೆ ಕಣ್ಣು ಹಾಯಬೇಕು, ಕಾಲು ಬೀಸಿ ಓಡಲು ಜಾಗ ಬೇಕು. ಆದ್ದರಿಂದ 'ಕಾಡು ಬಿಟ್ಟು ಹೊಲಕ್ಕೆ ಬಂದಿದೆ' ಎನ್ನುವ ಮಾತು ಸರಿಯಲ್ಲ. ಅದರ ಹುಲ್ಲುಗಾವಲೇ ಹೊಲವಾಗಿದೆ.

ಗಾಯರಾಣ ಎಲ್ಲಿ ಹೋಯಿತು?

ನಮ್ಮ ಹಿರಿಯರ ಕಾಲದಲ್ಲಿ ಊರಿಗೊಂದು ಗಾಯರಾಣ ಇತ್ತು. ಮುಂಜಾನೆ ಊರ ದನ ಅಲ್ಲಿ ಮೇಯುತ್ತಿದ್ದವು. ಆಚೆ ಬದಿಗೆ ಚಿಗರಿ ಹಿಂಡು ಮೇಯುತ್ತಿತ್ತು. ಕರ್ನಾಟಕ ಭೂಕಂದಾಯ ನಿಯಮ, 1966ರ 97ನೆಯ ನಿಯಮದ ಪ್ರಕಾರ ಪ್ರತಿ ನೂರು ದನಗಳಿಗೆ 12 ಹೆಕ್ಟೇರ್, ಅಂದರೆ ಸುಮಾರು 30 ಎಕರೆ ಮೇವಿನ ಜಮೀನು ಊರಿಗೆ ಇರಬೇಕು. ನಿಮ್ಮ ಊರಿನಲ್ಲಿ ಎಷ್ಟು ದನಗಳಿವೆ, ಎಷ್ಟು ಗಾಯರಾಣ ಉಳಿದಿದೆ ಎಂದು ಇಂದು ಮನೆಗೆ ಹೋದ ಮೇಲೆ ಲೆಕ್ಕ ಹಾಕಿ ನೋಡಿ.

ಬಗರ್ ಹುಕುಂ ಸಾಗುವಳಿಗೆ ಒಂದಿಷ್ಟು ಹೋಯಿತು. ರಸ್ತೆ, ಕಟ್ಟಡ, ಕಾರ್ಖಾನೆ, ಗಾಳಿಯಂತ್ರಗಳಿಗೆ ಬಯಲು ಬಳಕೆಯಾಯಿತು. ಉಳಿದದ್ದನ್ನು ಬಳ್ಳಾರಿ ಜಾಲಿ ನುಂಗಿತು. ಗಂಗಾವತಿ ಕಡೆಯ ಬಯಲು ತುಂಗಭದ್ರಾ ಎಡದಂಡೆ ಕಾಲುವೆಯ ನೀರು ಬಂದ ಮೇಲೆ ಭತ್ತದ ಗದ್ದೆಯಾಯಿತು. ಚಿಗರಿಗೆ ಉಳಿದದ್ದು ಯಲಬುರ್ಗಾ, ಕುಕನೂರು, ಕುಷ್ಟಗಿ, ಕೊಪ್ಪಳದ ಮಳೆಯಾಶ್ರಿತ ಹೊಲಗಳು. ಮುಂಗಾರಿಗೆ ಹೆಸರು, ಸಜ್ಜೆ, ಶೇಂಗಾ. ಹಿಂಗಾರಿಗೆ ಕಡಲೆ, ಬಿಳಿಜೋಳ. ಮೊಳಕೆ ಎರಡೆಲೆ ಬಿಟ್ಟ ಸಮಯದಲ್ಲಿ ಹಿಂಡು ಇಳಿದರೆ ಬಿತ್ತಿದ ಬೀಜವೂ ಹೋಯಿತು, ಹದವೂ ಹೋಯಿತು. ಎರಡನೆಯ ಬಿತ್ತನೆಗೆ ಮಳೆ ಕಾಯುವುದಿಲ್ಲ. ಜೋಳ ಹೋದರೆ ಮನುಷ್ಯರ ರೊಟ್ಟಿಯ ಜೊತೆಗೆ ದನದ ಕಣಿಕೆಯೂ ಹೋಯಿತು. ಆ ಹಿರಿಯರ ಸಿಟ್ಟು ಸುಳ್ಳಲ್ಲ.

ಇನ್ನೊಂದು ಕಾರಣವೂ ಇದೆ. ಮೊದಲು ಚಿಗರಿಯನ್ನು ಬೇಟೆಯಾಡಿ ಹಿಂಡಿನ ಲೆಕ್ಕ ಸರಿಮಾಡುತ್ತಿದ್ದ ಪ್ರಾಣಿಗಳಿದ್ದವು. ಚೀತಾ ನಮ್ಮ ದೇಶದಿಂದ ಅಳಿಯಿತೆಂದು 1952ರಲ್ಲಿ ಘೋಷಿಸಲಾಯಿತು. ಅದನ್ನು ಆಫ್ರಿಕಾದಿಂದ ತಂದು 2022ರಲ್ಲಿ ಮಧ್ಯಪ್ರದೇಶದಲ್ಲಿ ಬಿಟ್ಟಿದ್ದಾರೆ, ಆದರೆ ಅದು ಬಹುದೂರದ ಮಾತು. ನಮ್ಮಲ್ಲಿ ಉಳಿದದ್ದು ತೋಳ. ಗಂಗಾವತಿ ತಾಲ್ಲೂಕಿನ ಬಂಕಾಪುರದಲ್ಲಿ ತೋಳಧಾಮವಿದೆ. ಚಿಗರಿ ಸಿಕ್ಕ ಕಡೆ ತೋಳಕ್ಕೆ ಹೊಟ್ಟೆ ತುಂಬುತ್ತದೆ. ಸಿಗದಿದ್ದಾಗ ಅದು ಕುರಿಹಟ್ಟಿಯ ಕಡೆ ತಿರುಗುತ್ತದೆ. ಚಿಗರಿಯನ್ನೆಲ್ಲ ಮುಗಿಸಿದರೆ ಕುರಿಗಾರರಿಗೆ ಏನಾದೀತೆಂದು ನೀವೇ ಯೋಚಿಸಿ.

ತಂತಿಗೆ ಕರೆಂಟು ಬೇಡ

ಈಗ ಎಲ್ಲಕ್ಕಿಂತ ಮುಖ್ಯವಾದ ಮಾತು. ಸಿಟ್ಟಿನಲ್ಲಿ ಕೆಲವರು ಹೊಲದ ಸುತ್ತ ತಂತಿ ಎಳೆದು ರಾತ್ರಿ ಪಂಪ್‌ಸೆಟ್ಟಿನ ಕರೆಂಟು ಕೊಡುತ್ತಾರೆ. ಆ ತಂತಿಗೆ ಚಿಗರಿ ಯಾವುದು, ಎಮ್ಮೆ ಯಾವುದು ಎಂಬ ಗುರುತಿಲ್ಲ. ಹಗ್ಗ ಹರಿದುಕೊಂಡ ಎಮ್ಮೆ, ನೀರು ಕಟ್ಟಲು ಕತ್ತಲಲ್ಲಿ ಹೋದ ಮಗ, ಪಕ್ಕದ ಹೊಲದವರು, ಯಾರು ಮುಟ್ಟಿದರೂ ಅಷ್ಟೇ. ಹಾಲು ಕೊಡುವ ಒಂದು ಎಮ್ಮೆ ಸತ್ತರೆ ಆಗುವ ನಷ್ಟ ಎಷ್ಟೆಂದು ನಿಮಗೆ ನಾನು ಹೇಳಬೇಕಾಗಿಲ್ಲ. ಮನುಷ್ಯ ಸತ್ತರೆ ಜೈಲು ತಪ್ಪುವುದಿಲ್ಲ.

ಚಿಗರಿ ಸತ್ತರೂ ಜೈಲೇ. ಕೃಷ್ಣಮೃಗ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಮೊದಲನೆಯ ಅನುಸೂಚಿಯಲ್ಲಿದೆ. ಕೊಂದರೆ ಕನಿಷ್ಠ ಮೂರು ವರ್ಷ, ಗರಿಷ್ಠ ಏಳು ವರ್ಷ ಸೆರೆ. ಅದರ ಮೇಲೆ ದಂಡ. 'ಬೆಳೆ ಉಳಿಸಲು ಕೊಂದೆ' ಎಂಬ ಕಾರಣ ನಡೆಯುವುದಿಲ್ಲ. ವಿಷದ ಕಾಳು, ಉರುಲು, ನಾಯಿ ಬಿಟ್ಟು ಹಿಡಿಸುವುದು ಎಲ್ಲವೂ ಇದರಲ್ಲಿ ಬರುತ್ತವೆ.

ಹಾಗಾದರೆ ಮಾಡುವುದೇನು? ಮೊಳಕೆ ಎದ್ದ ಮೊದಲ ಮೂರು ನಾಲ್ಕು ವಾರ ಕಾವಲು ಬಲವಾಗಿರಲಿ. ಒಬ್ಬೊಬ್ಬರೇ ಕಾದರೆ ಹಿಂಡು ನಿಮ್ಮ ಹೊಲದಿಂದ ಪಕ್ಕದವರ ಹೊಲಕ್ಕೆ ಹೋಗುತ್ತದೆ, ಮತ್ತೆ ತಿರುಗಿ ಬರುತ್ತದೆ. ಅಕ್ಕಪಕ್ಕದ ಹತ್ತು ಹೊಲದವರು ಸೇರಿ ಸರದಿ ಮೇಲೆ ಕಾದರೆ ಖರ್ಚೂ ಕಡಿಮೆ, ನಿದ್ದೆಗೇಡೂ ಕಡಿಮೆ. ಹಳೆಯ ಸೀರೆಯ ಬೇಲಿ ಕೆಲವು ದಿನ ಹೆದರಿಸುತ್ತದೆ. ರೂಢಿಯಾದ ಮೇಲೆ ಹೆದರುವುದಿಲ್ಲ, ಆದ್ದರಿಂದ ಆಗಾಗ ಜಾಗ ಬದಲಿಸಬೇಕು. ಅನುಕೂಲವಿದ್ದವರು ಸೌರ ಬೇಲಿ ಹಾಕಿಸಬಹುದು. ಅದು ಚುರುಕು ಮುಟ್ಟಿಸುತ್ತದೆ, ಜೀವ ತೆಗೆಯುವುದಿಲ್ಲ.

ಬೆಳೆ ಹಾನಿಯಾದರೆ ಸುಮ್ಮನೆ ಬೈದು ಕೂಡಬೇಡಿ. ಅರಣ್ಯ ಇಲಾಖೆ ಪರಿಹಾರ ಕೊಡುತ್ತದೆ. ಹಾನಿಯಾದ ಬೆಳೆಯ ಫೋಟೋ, ಪಹಣಿ, ಬ್ಯಾಂಕಿನ ಪಾಸ್ ಪುಸ್ತಕ ಸಹಿತ ತಡಮಾಡದೆ ಅರ್ಜಿ ಹಾಕಿ. ಸ್ಥಳ ಪರಿಶೀಲನೆಗೆ ಬರುವವರೆಗೆ ಹೊಲ ಹರಗಬೇಡಿ, ಗುರುತು ಅಳಿಸಿದರೆ ಸಾಬೀತು ಮಾಡುವುದು ಕಷ್ಟ. ಪರಿಹಾರ ನಷ್ಟದಷ್ಟು ಇರುವುದಿಲ್ಲ ಎಂಬುದು ನಿಜ. ಆದರೂ ಅರ್ಜಿ ಹಾಕದ ಹಾನಿ ಸರಕಾರದ ಲೆಕ್ಕದಲ್ಲಿ ಹಾನಿಯೇ ಅಲ್ಲ. ನಮ್ಮ ಭಾಗಕ್ಕೆ ಜಿಂಕೆ ವನ ಬೇಕೆಂದು ರೈತರು ಕೇಳುತ್ತಾ ಬಂದಿದ್ದಾರೆ. ಆ ಕೇಳಿಕೆಗೆ ಬಲ ಬರುವುದೂ ಇಂಥ ಅರ್ಜಿಗಳಿಂದಲೇ.

ಕೊಟ್ಟಿಗೆಗೂ ಹಿಂಡಿಗೂ ಒಂದೇ ಬೇನೆ

ಒಂದೇ ಕುಲವಾದ್ದರಿಂದ ರೋಗಗಳೂ ಹಂಚಿಕೆಯಾಗುತ್ತವೆ. ಕಾಲುಬಾಯಿ ಬೇನೆ ಚಿಗರಿಗೂ ಬರುತ್ತದೆ. ಒಂದೇ ಕೆರೆಯಂಗಳದಲ್ಲಿ ಮೇಯುವಾಗ ಅದು ದನದಿಂದ ಚಿಗರಿಗೂ, ಚಿಗರಿಯಿಂದ ದನಕ್ಕೂ ದಾಟಬಹುದು. ಚಿಗರಿಗೆ ಯಾರೂ ಸೂಜಿ ಚುಚ್ಚಲಾರರು. ಆರು ತಿಂಗಳಿಗೊಮ್ಮೆ ನಿಮ್ಮ ದನಗಳಿಗೆ ಲಸಿಕೆ ಹಾಕಿಸುವುದೇ ಎರಡೂ ಕಡೆಗೆ ಕಟ್ಟುವ ಬದು. 'ಹಾಲು ಕಡಿಮೆಯಾಗುತ್ತದೆ' ಎಂದು ಲಸಿಕೆ ತಪ್ಪಿಸಬೇಡಿ. ಕಡಿಮೆಯಾದರೂ ಅದು ಎರಡು ಮೂರು ದಿನದ ಮಾತು. ಬೇನೆ ಬಂದರೆ ಇಡೀ ಸೂಲಿನ ಹಾಲು ಹೋದೀತು.

ಹೊಲದಲ್ಲಿ ಸತ್ತ ಚಿಗರಿ ಕಂಡರೆ ಮುಟ್ಟಬೇಡಿ, ಸುಲಿಯಬೇಡಿ. ಮೂಗು, ಬಾಯಿ, ಗುದದ್ವಾರದಿಂದ ಹೆಪ್ಪುಗಟ್ಟದ ಕಪ್ಪು ರಕ್ತ ಬಂದಿದ್ದರೆ ಅದು ನೆರಡಿ ರೋಗವಿರಬಹುದು. ಅದು ಮನುಷ್ಯರಿಗೂ ಅಂಟುವ ರೋಗ. ಅರಣ್ಯ ಇಲಾಖೆಗೂ ಪಶು ವೈದ್ಯರಿಗೂ ಸುದ್ದಿ ಮುಟ್ಟಿಸಿ. ಅರಣ್ಯ ಇಲಾಖೆಯ ಸಹಾಯವಾಣಿ 1926.

ನಿಮ್ಮ ದನ ಸತ್ತಾಗಲೂ ಊರಾಚೆ ಎಸೆಯಬೇಡಿ. ಆಳವಾಗಿ ಗುಂಡಿ ತೋಡಿ ಸುಣ್ಣ ಹಾಕಿ ಹೂಳಿ. ಎಸೆದ ಹೆಣ ತಿಂದು ಬೆಳೆದ ನಾಯಿಗಳ ಹಿಂಡೇ ನಾಳೆ ಚಿಗರಿ ಮರಿಯನ್ನೂ, ಕಟ್ಟಿದ ಕರುವನ್ನೂ ಹಿಡಿಯುವುದು.

ಕೃಷಿಹೊಂಡದ ವಿಷಯವನ್ನೂ ಹೇಳಬೇಕು. 2014ರಲ್ಲಿ ಶುರುವಾದ ಕೃಷಿಭಾಗ್ಯ ಯೋಜನೆಯಲ್ಲಿ ನಮ್ಮ ಭಾಗದಲ್ಲಿ ಹೊಂಡಗಳಾದವು, ಒಳ್ಳೆಯದೇ ಆಯಿತು. ಆದರೆ ಪ್ಲಾಸ್ಟಿಕ್ ಹಾಳೆ ಹಾಸಿದ ಹೊಂಡಕ್ಕೆ ಜಾರಿದ ಪ್ರಾಣಿ ಮೇಲೆ ಬರಲಾರದು. ಚಿಗರಿಯಾಗಲಿ, ಕರುವಾಗಲಿ, ಆಟವಾಡುವ ಮಗುವಾಗಲಿ. ಸುತ್ತ ಬೇಲಿ ಹಾಕಿ. ಒಂದು ಬದಿಗೆ ಗಂಟು ಕಟ್ಟಿದ ದಪ್ಪ ಹಗ್ಗವನ್ನು ಇಳಿಬಿಡಿ, ಬಿದ್ದ ಮನುಷ್ಯನಿಗಾದರೂ ಆಸರೆಯಾದೀತು.

ಹುಲ್ಲು ಉಳಿದರೆ ಇಬ್ಬರೂ ಉಳಿದಾರು

ಚಿಗರಿಗೆ ಧಾಮ ಮಾಡಿದರೆ ಸಾಕೇ? ರಾಣೆಬೆನ್ನೂರಿನಲ್ಲಿ 1974ರಲ್ಲಿಯೇ 119 ಚದರ ಕಿಲೋಮೀಟರ್ ಧಾಮವಾಯಿತು. ಆದರೆ ಅಲ್ಲಿ ಹುಲ್ಲು ಬೆಳೆಯಬೇಕಾದ ಬಹಳಷ್ಟು ನೆಲದಲ್ಲಿ ನೀಲಗಿರಿ ನಿಂತಿತು. ಮೇವು ಹುಡುಕಿ ಚಿಗರಿ ರೈತರ ಹೊಲಕ್ಕೇ ಇಳಿಯಿತು. ತುಮಕೂರು ಜಿಲ್ಲೆಯ ಮಧುಗಿರಿ ತಾಲ್ಲೂಕಿನ ಮೈದನಹಳ್ಳಿಯಲ್ಲಿ ಸುಮಾರು 800 ಎಕರೆ ಬಯಲು ಹುಲ್ಲಾಗಿಯೇ ಉಳಿದಿತ್ತು. 2007ರಲ್ಲಿ ಅದು ಸಂರಕ್ಷಣಾ ಮೀಸಲು ಪ್ರದೇಶವಾಯಿತು, ಚಿಗರಿ ಅಲ್ಲಿ ನೆಲೆ ನಿಂತಿದೆ. ಇದರಿಂದ ತಿಳಿಯುವುದಿಷ್ಟೆ: ಫಲಕ ನೆಟ್ಟರೆ ಸಾಲದು, ಹುಲ್ಲು ಬೇಕು.

ಆ ಹುಲ್ಲು ನಿಮಗೂ ಬೇಕು. ಆದ್ದರಿಂದ ಪ್ರತಿ ಸಂಘದ ಆಡಳಿತ ಮಂಡಳಿಯೂ ಈ ವರ್ಷ ಮೂರು ಕೆಲಸ ಮಾಡಲಿ. ಒಂದು, ಊರಿನ ಗಾಯರಾಣ ಎಷ್ಟಿದೆ, ಎಲ್ಲಿದೆ ಎಂದು ಗ್ರಾಮ ಆಡಳಿತ ಅಧಿಕಾರಿಯಿಂದ ದಾಖಲೆ ಪಡೆದು ಸಭೆಯಲ್ಲಿ ಓದಲಿ. ಎರಡು, ಅಳತೆ ಮಾಡಿಸಿ ಹದ್ದುಬಸ್ತು ಮಾಡಿಸಲು ತಹಶೀಲ್ದಾರರಿಗೆ ಮನವಿ ಕೊಡಲಿ. ಮೂರು, ಗ್ರಾಮ ಪಂಚಾಯಿತಿಯ ಮೂಲಕ ಬಳ್ಳಾರಿ ಜಾಲಿಯನ್ನು ಬೇರುಸಹಿತ ಕೀಳಿಸಿ ಅಂಜನ ಹುಲ್ಲು, ಸ್ಟೈಲೋ ಬೀಜ ಚೆಲ್ಲಲಿ. ಜಾಲಿಯ ಕಾಯಿ ತಿಂದ ದನ, ಚಿಗರಿ ಎರಡೂ ಬೀಜವನ್ನು ಸೆಗಣಿ, ಹಿಕ್ಕೆಯಲ್ಲಿ ಹರಡುತ್ತವೆ. ಒಂದು ವರ್ಷ ಕಿತ್ತು ಬಿಟ್ಟರೆ ಸಾಲದು, ಪ್ರತಿ ಮಳೆಗಾಲದ ನಂತರ ಎದ್ದ ಸಸಿಗಳನ್ನು ಕೀಳಬೇಕು.

ನಮ್ಮ ಕೊಪ್ಪಳದ ಗವಿಮಠ ಮತ್ತು ಪಾಲ್ಕಿಗುಂಡಿನ ಬಂಡೆಗಳ ಮೇಲೆ ಅಶೋಕ ಚಕ್ರವರ್ತಿಯ ಶಾಸನಗಳಿವೆ. ಅದೇ ಅರಸ ಬೇರೆ ಕಡೆ ಬರೆಸಿದ ಇನ್ನೊಂದು ಶಾಸನದಲ್ಲಿ ತನ್ನ ಅಡುಗೆಮನೆಯ ಲೆಕ್ಕ ಹೇಳುತ್ತಾನೆ: ಈಗ ಎರಡು ನವಿಲು, ಒಂದು ಜಿಂಕೆ ಮಾತ್ರ, ಜಿಂಕೆಯೂ ದಿನಾಲೂ ಅಲ್ಲ, ಮುಂದೆ ಅವೂ ಇಲ್ಲ ಎಂದು. ಕೊಲ್ಲುವುದನ್ನು ಒಮ್ಮೆಲೇ ಬಿಡಲು ಅರಸನಿಗೂ ಆಗಲಿಲ್ಲ, ಹಂತ ಹಂತವಾಗಿ ಬಿಟ್ಟ. ನಮಗೂ ಒಂದೇ ದಿನದಲ್ಲಿ ಎಲ್ಲ ಆಗಲಿಕ್ಕಿಲ್ಲ.

ಆ ಹಿರಿಯರ ಪ್ರಶ್ನೆಗೆ ನನ್ನ ಉತ್ತರ ಇದು: ಚಿಗರಿ ಮೇಯ್ದದ್ದಕ್ಕೆ ಸರಕಾರವನ್ನು ಕೇಳಿರಿ, ಪರಿಹಾರ ಕೇಳುವುದು ನಿಮ್ಮ ಹಕ್ಕು. ಆದರೆ ಚಿಗರಿಯದೂ ನಿಮ್ಮ ಆಕಳದೂ ಆಗಿದ್ದ ಹುಲ್ಲು ಎಲ್ಲಿ ಹೋಯಿತೆಂದು ನಿಮ್ಮ ಊರನ್ನೂ ಕೇಳಿರಿ. ಆ ಪ್ರಶ್ನೆಯನ್ನು ಮುಂದಿನ ಸಂಘದ ಸಭೆಯಲ್ಲಿ ನೀವೇ ಎದ್ದು ನಿಂತು ಎತ್ತಿದರೆ ನನ್ನ ಮಾತು ಸಾರ್ಥಕ.