ಆಜ್ಞೆಯ ಹೊಣೆ ಯಾರದು?

(ಕಾರ್ಮಿಕರ ಅಧ್ಯಯನ ಶಿಬಿರದಲ್ಲಿ ಮಾಡಿದ ಭಾಷಣ)



ಇಂದು ನಾವು ಒಬ್ಬ ಕ್ಷೌರಿಕನ ಕಥೆಯನ್ನು ವಿಚಾರ ಮಾಡೋಣ. ಇದು ಶಿನೊಬು ಹಾಶಿಮೊಟೊ ಬರೆದ ಜಪಾನಿ ದೂರದರ್ಶನ ನಾಟಕ. ಹೆಸರು 'ನಾನು ಕಪ್ಪೆಚಿಪ್ಪಾಗಬೇಕು'. ಈಗ ಟಿ.ಬಿ.ಎಸ್. ಎಂದು ಹೆಸರಾಗಿರುವ ಟೋಕಿಯೋ ಕೇಂದ್ರವು ಇದನ್ನು 1958ರ ಅಕ್ಟೋಬರ್ 31ರಂದು ಪ್ರಸಾರ ಮಾಡಿತು.

ಟೊಯೊಮಾತ್ಸು ಊರಿನಲ್ಲಿ ಸಣ್ಣ ಕ್ಷೌರದಂಗಡಿ ಇಟ್ಟುಕೊಂಡು ಹೆಂಡತಿ ಮಗನನ್ನು ಸಾಕುತ್ತಿದ್ದವನು. ಯುದ್ಧಕಾಲದಲ್ಲಿ ಸರಕಾರ ಅವನನ್ನು ಸೈನ್ಯಕ್ಕೆ ಎಳೆದುಕೊಂಡಿತು. ಒಮ್ಮೆ ಅಮೇರಿಕದ ಬಾಂಬರ್ ವಿಮಾನದವರು ಸೆರೆಸಿಕ್ಕರು. ದೊಡ್ಡ ಅಧಿಕಾರಿಯ ಮಾತು ಮೆಟ್ಟಿಲು ಮೆಟ್ಟಿಲಾಗಿ ಕೆಳಗಿಳಿಯಿತು. ಕೊನೆಗೆ ಬಯೋನೆಟ್ ಬಂದದ್ದು ಈ ಬಡ ಸಿಪಾಯಿಯ ಕೈಗೆ. ಕಟ್ಟಿಹಾಕಿದ್ದ ಬಂದಿಯನ್ನು ಇರಿಯೆಂದು ಆಜ್ಞೆಯಾಯಿತು. ಅವನು ಅಳುಕಿದ, ಆದರೂ ಮುನ್ನುಗ್ಗಿದ.

ಯುದ್ಧ ಮುಗಿದು ಮರಳಿ ಕತ್ತರಿ ಹಿಡಿದಿದ್ದವನನ್ನು ಪೋಲೀಸರು ಬಂದು ಹಿಡಿದರು. ತೋಳಿಗೆ ಮಾತ್ರ ಗಾಯವಾಯಿತೆಂದು ಅವನು ಹೇಳಿದ. ಮೇಲಿನವರ ಆಜ್ಞೆಯನ್ನು ಮೀರಲಾಗದೆಂದು ಹೇಳಿದ. ನ್ಯಾಯಾಲಯ ಒಪ್ಪಲಿಲ್ಲ, ಗಲ್ಲಾಯಿತು. ಮರುಹುಟ್ಟಿದ್ದರೆ ಮನುಷ್ಯನಾಗುವುದು ಬೇಡ, ಕಡಲ ತಳದ ಕಪ್ಪೆಚಿಪ್ಪಾದರೆ ಸಾಕೆಂದು ಬರೆದಿಟ್ಟು ಸತ್ತ.

ಅವನು ನಿರಪರಾಧಿಯೇ? ಹಾಗೆನ್ನಲು ನಾವು ಸಿದ್ಧರಿಲ್ಲ. ಆ ಬಂದಿಯೂ ಒಬ್ಬ ತಾಯಿಯ ಮಗ. ಆದರೆ ಅಳೆಯುವ ತಕ್ಕಡಿ ಸರಿಯಿರಬೇಕು. 1950ರಲ್ಲಿ ವಿಶ್ವಸಂಸ್ಥೆಯ ಅಂತರರಾಷ್ಟ್ರೀಯ ಕಾನೂನು ಆಯೋಗ ಒಂದು ತತ್ತ್ವವನ್ನು ಬರೆದಿಟ್ಟಿತು: ಮೇಲಿನವರ ಆಜ್ಞೆಯೆಂಬ ಕಾರಣದಿಂದ ಹೊಣೆ ತಪ್ಪದು, ಆದರೆ ನೈತಿಕ ಆಯ್ಕೆ ಅವನಿಗೆ ನಿಜವಾಗಿ ಸಾಧ್ಯವಿದ್ದಿರಬೇಕು. ಈ 'ಸಾಧ್ಯ' ಎಂಬ ಮಾತಿನಲ್ಲೇ ಎಲ್ಲ ಅಡಗಿದೆ. ಸಿಪಾಯಿ ಇಲ್ಲವೆಂದರೆ ಏಟು, ಸೆರೆ. ಅಧಿಕಾರಿ ಇಲ್ಲವೆಂದಿದ್ದರೆ ಆಜ್ಞೆಯೇ ಹುಟ್ಟುತ್ತಿರಲಿಲ್ಲ. ಅಧಿಕಾರ ಎಷ್ಟು ಎತ್ತರವೋ ಹೊಣೆಯೂ ಅಷ್ಟು ಭಾರ.

ಇನ್ನೊಂದು ಮಾತು. ಆ ಕ್ಷೌರಿಕ ಸೋತದ್ದು ಬಯೋನೆಟ್ ಹಿಡಿದ ಗಳಿಗೆಯಲ್ಲಲ್ಲ. ಬಹಳ ಮುಂಚೆಯೇ ಅವನನ್ನು ಒಂಟಿ ಮಾಡಿದ್ದರು. 1940ರಲ್ಲಿ ಜಪಾನಿನ ಪಕ್ಷಗಳೂ ಕಾರ್ಮಿಕ ಸಂಘಗಳೂ ವಿಸರ್ಜನೆಯಾದವು. ಎದುರಾಡುವ ನಾಲಿಗೆ ಊರಿನಲ್ಲೇ ಉಳಿಯಲಿಲ್ಲ. ಕೆಟ್ಟ ಯಂತ್ರವನ್ನು ನಡೆಸೆಂದು ಜಾಬರ್ ಗದರಿಸಿದಾಗ ಒಬ್ಬನೇ ಇಲ್ಲವೆನ್ನುವುದು ಎಷ್ಟು ಕಷ್ಟವೆಂದು ನಮಗೆ ಗೊತ್ತು. ನೂರು ಮಂದಿ ಹಿಂದೆ ನಿಂತರೆ ಅದೇ ಮಾತು ಗಟ್ಟಿಯಾಗಿ ಬರುತ್ತದೆ.

ಆದ್ದರಿಂದ ಸಂಘವೆಂದರೆ ಬರೀ ಕೂಲಿ ಬೋನಸ್ಸುಗಳ ಲೆಕ್ಕವಲ್ಲ. ಅನ್ಯಾಯದ ಆಜ್ಞೆಗೆ ಇಲ್ಲವೆನ್ನುವ ಧೈರ್ಯವನ್ನು ಸಾಮಾನ್ಯನಿಗೆ ಕೊಡುವುದೂ ಅದರ ಕೆಲಸವೇ. ಮನುಷ್ಯ ಕಪ್ಪೆಚಿಪ್ಪಾಗಲು ಹಂಬಲಿಸುವಂಥ ಲೋಕ ನಮಗೆ ಬೇಡ. ಮನುಷ್ಯ ಮನುಷ್ಯನಾಗಿಯೇ ಬಾಳುವ ಲೋಕ ಬೇಕು.