ಮೇಲ್ಮನೆಯಿಲ್ಲದ ನಾಡಿನಲ್ಲಿ ನಿಂತು
(ಸಂಘದ ತಿರುವನಂತಪುರ ವಿಚಾರಗೋಷ್ಠಿಯಲ್ಲಿ ಮಾಡಿದ ಭಾಷಣ)



75 ಸದಸ್ಯರ ವಿಧಾನ ಪರಿಷತ್ತುಳ್ಳ ಕರ್ನಾಟಕದಿಂದ ಬಂದ ನಾವು ಮೇಲ್ಮನೆಯೇ ಇಲ್ಲದ ಕೇರಳದಲ್ಲಿ ಬಾಳುತ್ತಿದ್ದೇವೆ. ಈ ವ್ಯತ್ಯಾಸದಿಂದ ನಾವು ಅರಿಯಬೇಕಾದುದೇನು ಎಂಬುದೇ ನನ್ನ ಇಂದಿನ ವಿಚಾರ.

ಈ ನೆಲಕ್ಕೆ ಮೇಲ್ಮನೆ ಅಪರಿಚಿತವಲ್ಲ. ಇದೇ ತಿರುವನಂತಪುರದಲ್ಲಿ 1888ರಷ್ಟು ಹಿಂದೆಯೇ ಶಾಸನ ಪರಿಷತ್ತು ಸ್ಥಾಪನೆಯಾಯಿತು. 1932ರ ಸುಧಾರಣೆಯಿಂದ ತಿರುವಾಂಕೂರಿಗೆ ಶ್ರೀಮೂಲಂ ಅಸೆಂಬ್ಲಿ, ಶ್ರೀಚಿತ್ರಾ ಸ್ಟೇಟ್ ಕೌನ್ಸಿಲ್ ಎಂಬ ಎರಡು ಸದನಗಳು ದೊರೆತವು. 1925ರಲ್ಲಿ ಶಾಸನಸಭೆ ಪಡೆದ ಕೊಚ್ಚಿ ಸಂಸ್ಥಾನ ಒಂದೇ ಸದನದಲ್ಲಿ ನಡೆದುಕೊಂಡು ಬಂದಿತು. ಆದರೆ ತಿರುವಾಂಕೂರಿನಲ್ಲಿ ಮತದ ಹಕ್ಕು ಆಸ್ತಿಯನ್ನು ಅವಲಂಬಿಸಿತ್ತು; ಆದುದರಿಂದಲೇ ಈಳವ, ಕ್ರೈಸ್ತ, ಮುಸ್ಲಿಂ ಸಮುದಾಯಗಳು ನಿವರ್ತನ ಚಳವಳಿ ಹೂಡಿದವು. ಸದನ ಎರಡಾದ ಮಾತ್ರಕ್ಕೆ ನ್ಯಾಯ ಇಮ್ಮಡಿಯಾಗದು. 1948ರಲ್ಲಿ ವಯಸ್ಕ ಮತದಾನದಿಂದ ಚುನಾಯಿತವಾದುದು ಒಂದೇ ಸಭೆ. 1956ರಲ್ಲಿ ರೂಪುಗೊಂಡ ಕೇರಳವೂ ಮೇಲ್ಮನೆಯನ್ನು ಬಯಸಲಿಲ್ಲ.

ನಮ್ಮ ಪರಿಷತ್ತಿನ ಬಲವೂ ಮಿತವಾದುದೇ. ಹಣಕಾಸು ವಿಧೇಯಕವನ್ನು ಅದು 14 ದಿನ ಮಾತ್ರ ತಡೆಯಬಲ್ಲದು. ಇತರ ವಿಧೇಯಕಗಳನ್ನು ಮೊದಲು ಮೂರು ತಿಂಗಳು, ಮರಳಿ ಬಂದಾಗ ಒಂದು ತಿಂಗಳು. 2024ರ ಫೆಬ್ರವರಿಯಲ್ಲಿ ಧಾರ್ಮಿಕ ದತ್ತಿ ತಿದ್ದುಪಡಿ ವಿಧೇಯಕವನ್ನು ಪರಿಷತ್ತು ತಿರಸ್ಕರಿಸಿತು. ಕೆಲವೇ ದಿನಗಳಲ್ಲಿ ವಿಧಾನಸಭೆ ಅದನ್ನು ಮತ್ತೆ ಅಂಗೀಕರಿಸಿತು. ಆದರೂ ಈ ವಿಳಂಬ ವ್ಯರ್ಥವೆಂದು ನಾನು ಹೇಳಲಾರೆ. ಅವಸರದ ಬಹುಮತವನ್ನು ಅದು ಇನ್ನೊಮ್ಮೆ ಯೋಚಿಸುವಂತೆ ಮಾಡುತ್ತದೆ.

ಇನ್ನು ನಮ್ಮ ಸಂಕಟಕ್ಕೆ ಬರುತ್ತೇನೆ. ಹತ್ತನೆಯ ತರಗತಿಯವರೆಗೆ ಮಲಯಾಳ ಕಲಿಕೆಯನ್ನು ಕಡ್ಡಾಯಗೊಳಿಸುವ ನಿರ್ಧಾರ 2017ರಲ್ಲಿ ಸುಗ್ರೀವಾಜ್ಞೆಯಾಗಿ ಬಂದಾಗ ಕಾಸರಗೋಡಿನ ಕನ್ನಡಿಗರು ಬೀದಿಗಿಳಿದರು. ಮೇಲ್ಮನೆಯಿದ್ದಿದ್ದರೆ ಅವರ ಅಳಲು ಅಲ್ಲಿ ಕೇಳುತ್ತಿತ್ತೇ? ಸಂವಿಧಾನದ 171ನೆಯ ವಿಧಿ ಪದವೀಧರರಿಗೂ ಶಿಕ್ಷಕರಿಗೂ ಸ್ಥಾನ ನೀಡುತ್ತದೆ; ಭಾಷಾ ಅಲ್ಪಸಂಖ್ಯಾತರಿಗೆ ನೀಡುವುದಿಲ್ಲ. ಬೆಳಗಾವಿಯ ಮರಾಠಿ ಭಾಷಿಕನಿಗೂ ನಮ್ಮ ಪರಿಷತ್ತಿನಲ್ಲಿ ಭಾಷೆಯ ಹೆಸರಿನಲ್ಲಿ ಮೀಸಲು ಪೀಠವಿಲ್ಲ.

ಆದುದರಿಂದ ಇಲ್ಲದ ಮನೆಗಾಗಿ ಹಂಬಲಿಸುವುದಕ್ಕಿಂತ ಇರುವ ಬಾಗಿಲನ್ನು ತಟ್ಟುವುದು ಲೇಸು. 1980ರಿಂದ ಕೇರಳ ವಿಧಾನಸಭೆಯಲ್ಲಿ ವಿಷಯ ಸಮಿತಿಗಳಿವೆ. ವಿಧೇಯಕಗಳ ವಿವರವಾದ ಪರಿಶೀಲನೆ ಅಲ್ಲಿ ನಡೆಯುತ್ತದೆ. ಮೇಲ್ಮನೆ ಮಾಡಬೇಕಾದ ಮರುಚಿಂತನೆಗೆ ಇಲ್ಲಿ ಆಸ್ಪದವಿರುವುದು ಆ ಸಮಿತಿಗಳಲ್ಲಿ. ಭಾಷೆಗೆ ಸಂಬಂಧಿಸಿದ ಪ್ರತಿಯೊಂದು ವಿಧೇಯಕವನ್ನೂ ಕನ್ನಡಕ್ಕೆ ತಂದು ಕಾಸರಗೋಡಿಗೆ ತಲುಪಿಸಿ, ಅಲ್ಲಿನವರ ಅಹವಾಲನ್ನು ಸಮಿತಿಯ ಮುಂದಿಡುವ ಹೊಣೆಯನ್ನು ರಾಜಧಾನಿಯಲ್ಲಿರುವ ನಾವು ಹೊರಬೇಕು. ಕಾನೂನಾದ ಮೇಲೆ ಮೊಳಗಿಸುವ ಘೋಷಣೆಗಿಂತ ಕಾನೂನಾಗುವ ಮುನ್ನ ಸಲ್ಲಿಸುವ ಒಂದು ಮನವಿಗೆ ಬೆಲೆ ಹೆಚ್ಚು. ಈ ಕೆಲಸವನ್ನು ಸಂಘ ಈ ವರ್ಷವೇ ಕೈಗೊಳ್ಳಲೆಂದು ವಿನಂತಿಸಿ ನನ್ನ ಮಾತು ಮುಗಿಸುತ್ತೇನೆ.