‘ಬಂಧಿಸಲಾಯಿತು’ ಸರಿ, ಬಂಧಿಸಿದ್ದು ಯಾರು?

 

ಇವತ್ತಿನ ಎಪಿಸೋಡ್ ಒಂದು ಟೋಪಿಯಿಂದ ಶುರುವಾಗುತ್ತೆ.

1956ನೇ ಇಸವಿ. ಫ್ರಾನ್ಸ್‌ನ ನಿರ್ದೇಶಕ ಅಲಾಂ ರೆನೆ ‘ನೈಟ್ ಅಂಡ್ ಫಾಗ್’ ಅನ್ನೋ ಸಾಕ್ಷ್ಯಚಿತ್ರ ಮಾಡಿದ್ದರು. ಅರ್ಧ ಗಂಟೆಯ ಸಿನಿಮಾ, ನಾತ್ಸಿ ಕ್ಯಾಂಪ್‌ಗಳ ಬಗ್ಗೆ. ಅದರಲ್ಲಿ ನೋಡೋಕಾಗದಂಥ ದೃಶ್ಯಗಳು ಬೇಕಾದಷ್ಟಿವೆ. ಆದರೆ ಫ್ರಾನ್ಸ್‌ನ ಸೆನ್ಸಾರ್‌ನವರು ಪಟ್ಟು ಹಿಡಿದದ್ದು ಒಂದು ಮಾಮೂಲಿ ಫೋಟೊ ಬಗ್ಗೆ. ಫ್ರಾನ್ಸ್ ನೆಲದಲ್ಲೇ ಇದ್ದ ಒಂದು ಕ್ಯಾಂಪು. ಅದನ್ನು ಕಾಯ್ತಾ ನಿಂತಿರೋ ಒಬ್ಬ ಪೊಲೀಸ್. ಅವನ ತಲೆ ಮೇಲಿದ್ದ ಟೋಪಿ ನೋಡಿದ್ರೆ ಸಾಕು, ಅವನು ಜರ್ಮನ್ ಅಲ್ಲ, ಫ್ರೆಂಚ್ ಪೊಲೀಸ್ ಅಂತ ಅಲ್ಲಿನ ಯಾರಿಗಾದರೂ ಗೊತ್ತಾಗುತ್ತೆ. ಕೊನೆಗೆ ಏನಾಯ್ತು ಗೊತ್ತಾ? ಆ ಟೋಪಿ ಕಾಣದ ಹಾಗೆ ಫೋಟೊ ಮೇಲೆ ಒಂದು ಮರದ ತೊಲೆ ಬಿಡಿಸಿದ ಹಾಗೆ ಬಣ್ಣ ಬಳಿದರು. ಮೂಲ ಫೋಟೊ ಸಿನಿಮಾಗೆ ವಾಪಸ್ ಬರೋಕೆ ದಶಕಗಳೇ ಬೇಕಾದವು.

ಇಲ್ಲಿ ಗಮನಿಸಿ. ಕ್ಯಾಂಪ್ ಮರೆಮಾಚಲಿಲ್ಲ, ಸತ್ತವರನ್ನು ಮರೆಮಾಚಲಿಲ್ಲ. ಮರೆಯಾಗಿದ್ದು ಟೋಪಿ ಮಾತ್ರ. ಇವತ್ತು ನಾನು ಮಾತಾಡೋದು ಇಂಥ ಮರೆವಿನ ಬಗ್ಗೆ.

ಹೈಸ್ಕೂಲ್ ವ್ಯಾಕರಣ ನೆನಪಿದೆಯಾ? ಕರ್ತೃ, ಕರ್ಮ, ಕ್ರಿಯಾಪದ. ‘ಪೊಲೀಸರು ಮಕ್ಕಳನ್ನು ಬಂಧಿಸಿದರು.’ ಇಲ್ಲಿ ಕರ್ತೃ ಪೊಲೀಸರು. ಅದನ್ನೇ ‘ಮಕ್ಕಳನ್ನು ಬಂಧಿಸಲಾಯಿತು’ ಅಂದ್ರೆ? ವಾಕ್ಯ ತಪ್ಪಿಲ್ಲ, ಪರೀಕ್ಷೆಯಲ್ಲಿ ಪೂರ್ತಿ ಮಾರ್ಕ್ಸ್ ಸಿಗುತ್ತೆ. ಆದರೆ ಪೊಲೀಸರು ಮಾಯ. ದಿನಾ ನ್ಯೂಸ್‌ನಲ್ಲಿ ಇಂಥ ವಾಕ್ಯ ಎಷ್ಟು ಓದ್ತೀವಿ! ಮಾಡಲಾಯಿತು, ತೆರವುಗೊಳಿಸಲಾಯಿತು, ಹತ್ಯೆಗೈಯಲಾಯಿತು. ಫ್ರಾನ್ಸ್ ದೇಶ ತನ್ನ ಒಂದು ದೊಡ್ಡ ಅಪರಾಧವನ್ನು 53 ವರ್ಷ ನೆನಪಿಟ್ಟುಕೊಂಡಿದ್ದು ಹೀಗೇ, ಕರ್ತೃ ಇಲ್ಲದ ವಾಕ್ಯದಲ್ಲಿ.

ಈಗ ಆ ಅಪರಾಧಕ್ಕೆ ಬರೋಣ.

1940ರಲ್ಲಿ ಹಿಟ್ಲರ್ ಸೈನ್ಯ ಫ್ರಾನ್ಸ್‌ನ್ನು ಸೋಲಿಸಿತು. ಉತ್ತರದ ಭಾಗ, ಪ್ಯಾರಿಸ್ ಸೇರಿ, ಜರ್ಮನ್ನರ ಕೈಗೆ ಹೋಯ್ತು. ದಕ್ಷಿಣದಲ್ಲಿ ವಿಶಿ ಅನ್ನೋ ಊರಿನಿಂದ ಮಾರ್ಷಲ್ ಪೆತಾಂ ನೇತೃತ್ವದ ಫ್ರೆಂಚ್ ಸರ್ಕಾರ ನಡೀತಿತ್ತು. ಆ ಸರ್ಕಾರ 1940ರ ಅಕ್ಟೋಬರ್‌ನಲ್ಲೇ ಯಹೂದಿಗಳನ್ನು ಸರ್ಕಾರಿ ಕೆಲಸ, ಶಿಕ್ಷಕ ವೃತ್ತಿ, ಪತ್ರಿಕೋದ್ಯಮದಿಂದ ಹೊರಗಿಡೋ ಕಾನೂನು ತಂತು. ಜರ್ಮನ್ನರು ಬಂದೂಕು ತೋರಿಸಿ ಬರೆಸಿದ ಕಾನೂನಲ್ಲ ಅದು. ಅದೇ ಸಮಯದಲ್ಲಿ ಪ್ಯಾರಿಸ್ ಭಾಗದ ಯಹೂದಿಗಳೆಲ್ಲ ಪೊಲೀಸ್ ಸ್ಟೇಷನ್‌ಗೆ ಹೋಗಿ ಹೆಸರು ಬರೆಸಬೇಕು ಅಂತ ಜರ್ಮನ್ ಆದೇಶ ಬಂತು. ಹತ್ತಿರ ಹತ್ತಿರ ಒಂದೂವರೆ ಲಕ್ಷ ಜನ ಹೋಗಿ ಬರೆಸಿದರು. ಕಾನೂನು ಪಾಲಿಸೋ ಜನ ಅವರು. ಫ್ರೆಂಚ್ ಪೊಲೀಸ್ ಇಲಾಖೆ ಆ ಮಾಹಿತಿಯನ್ನೆಲ್ಲ ಕಾರ್ಡ್‌ಗಳಲ್ಲಿ ಜೋಡಿಸಿಟ್ಟಿತು. ಹೆಸರು, ವಿಳಾಸ, ವೃತ್ತಿ, ಯಾವ ದೇಶದವರು. ಈಗಿನ ಭಾಷೆಯಲ್ಲಿ ಹೇಳೋದಾದ್ರೆ ಒಂದು ಡೇಟಾಬೇಸ್.

1942, ಜುಲೈ 16. ಬೆಳಗಿನ ಜಾವ. ಸಾವಿರಾರು ಫ್ರೆಂಚ್ ಪೊಲೀಸರು ಆ ಕಾರ್ಡ್‌ಗಳನ್ನು ಹಿಡ್ಕೊಂಡು ಪ್ಯಾರಿಸ್‌ನ ಮನೆಮನೆ ಬಾಗಿಲು ಬಡಿದರು. ಮುಖ್ಯವಾಗಿ ಹುಡುಕಿದ್ದು ಪೋಲೆಂಡ್ ಮುಂತಾದ ದೇಶಗಳಿಂದ ಬಂದು ನೆಲೆಸಿದ್ದ ಯಹೂದಿ ಕುಟುಂಬಗಳನ್ನು. ಎರಡು ದಿನದಲ್ಲಿ 13,152 ಜನರನ್ನು ಹಿಡಿದರು. ಅದರಲ್ಲಿ 4,115 ಮಕ್ಕಳು. ಆ ಮಕ್ಕಳಲ್ಲಿ ಹೆಚ್ಚಿನವರು ಫ್ರಾನ್ಸ್‌ನಲ್ಲೇ ಹುಟ್ಟಿದವರು. ಜರ್ಮನ್ನರು ಆಗ 16 ವರ್ಷದೊಳಗಿನ ಮಕ್ಕಳನ್ನು ಕೇಳಿರಲೇ ಇಲ್ಲ. ಅವರನ್ನೂ ಕಳಿಸೋಣ ಅಂತ ಹೇಳಿದ್ದು ಫ್ರಾನ್ಸ್‌ನ ಸರ್ಕಾರದ ಮುಖ್ಯಸ್ಥ ಪಿಯೇರ್ ಲಾವಾಲ್.

ಮಕ್ಕಳಿದ್ದ ಕುಟುಂಬಗಳನ್ನೆಲ್ಲ ಬಸ್‌ಗಳಲ್ಲಿ ತುಂಬಿ ಒಂದು ಒಳಾಂಗಣ ಕ್ರೀಡಾಂಗಣಕ್ಕೆ ತಂದರು. ಸೈಕಲ್ ರೇಸ್ ನಡೀತಿದ್ದ ಜಾಗ, ಹೆಸರು ವೆಲ್ ದಿವ್. ಐಫೆಲ್ ಟವರ್‌ನಿಂದ ನಡೆದು ಹೋಗೋಷ್ಟು ಹತ್ತಿರ. ಸುಮಾರು 8 ಸಾವಿರ ಜನ, ಜುಲೈ ಸೆಕೆ, ಕುಡಿಯೋಕೆ ನೀರಿಲ್ಲ, ಬಳಸೋಕೆ ಶೌಚಾಲಯ ಇಲ್ಲ. ಹೀಗೆ ದಿನಗಟ್ಟಲೆ. ಆಮೇಲೆ ಪ್ಯಾರಿಸ್‌ನಿಂದ ದೂರದ ಕ್ಯಾಂಪ್‌ಗಳಿಗೆ. ಅಲ್ಲಿ ಪುಟ್ಟ ಮಕ್ಕಳನ್ನು ತಾಯಂದಿರಿಂದ ಕಿತ್ತು ಬೇರೆ ಮಾಡಿದರು. ಮೊದಲು ದೊಡ್ಡವರನ್ನು ಔಶ್ವಿಟ್ಜ್‌ಗೆ ಕಳಿಸಿದರು, ಕೆಲವು ವಾರ ಬಿಟ್ಟು ಮಕ್ಕಳನ್ನು. ಹಾಗೆ ಹೋದ ಚಿಕ್ಕ ಮಕ್ಕಳು ವಾಪಸ್ ಬರಲಿಲ್ಲ.

ನೀವು ಕೇಳಬಹುದು: ‘ದೇಶ ಶತ್ರುಗಳ ಕೈಲಿತ್ತು, ಅವರು ತಾನೇ ಏನು ಮಾಡೋಕಾಗ್ತಿತ್ತು?’ ನ್ಯಾಯವಾದ ಪ್ರಶ್ನೆ. ಇದಕ್ಕೆ ಉತ್ತರ ಆ ದಿನದ ಲೆಕ್ಕದಲ್ಲೇ ಇದೆ. ಪೊಲೀಸರ ಕೈಲಿದ್ದ ಕಾರ್ಡ್‌ಗಳು 27 ಸಾವಿರಕ್ಕೂ ಹೆಚ್ಚು. ಸಿಕ್ಕವರು ಅದರ ಅರ್ಧದಷ್ಟೂ ಇಲ್ಲ. ಯಾಕೆ? ಸುದ್ದಿ ಮೊದಲೇ ಹೊರಗೆ ಬಿದ್ದಿತ್ತು. ಕೆಲವು ಪೊಲೀಸರೇ ಮುಂಚಿನ ದಿನ ಹೋಗಿ ಎಚ್ಚರಿಸಿದ್ರು. ಅಕ್ಕಪಕ್ಕದ ಮನೆಯವರು ಬಚ್ಚಿಟ್ಟುಕೊಂಡರು. ಮುಂದಿನ ತಿಂಗಳೇ ತುಲೂಸ್ ನಗರದ ಆರ್ಚ್‌ಬಿಷಪ್ ಸಲಿಯೇಜ್ ಬರೆದ ಪ್ರತಿಭಟನೆಯ ಪತ್ರವನ್ನು ಚರ್ಚ್‌ಗಳಲ್ಲಿ ಓದಿದರು. ಅಂದ್ರೆ ಇದು ತಪ್ಪು ಅಂತ ಆ ಕಾಲದವರಿಗೇ ಕಾಣ್ತಿತ್ತು. ಯುದ್ಧದ ಕೊನೆಗೆ ಫ್ರಾನ್ಸ್‌ನ ಯಹೂದಿಗಳಲ್ಲಿ ಮುಕ್ಕಾಲು ಪಾಲು ಜನ ಬದುಕುಳಿದರು. ಅದರಲ್ಲಿ ಇಂಥ ಸಾಮಾನ್ಯರ ಪಾಲು ದೊಡ್ಡದು. ಆದರೆ ರೈಲು ಹತ್ತಿಸಿದವರ ಸಂಖ್ಯೆ ಸುಮಾರು 76 ಸಾವಿರ. ಅವರಲ್ಲಿ ಮರಳಿ ಬಂದವರು ಸುಮಾರು ಎರಡೂವರೆ ಸಾವಿರ.

ಸರಿ, ಯುದ್ಧ ಮುಗೀತು. ಇಲ್ಲಿಂದ ನಮ್ಮ ನಿಜವಾದ ಕಥೆ ಶುರು.

ವಿಶಿ ಸರ್ಕಾರ ಕಾನೂನುಬಾಹಿರ, ನಿಜವಾದ ಫ್ರಾನ್ಸ್ ಲಂಡನ್‌ನಲ್ಲಿ ನಮ್ಮ ಜೊತೆ ಇತ್ತು ಅನ್ನೋದು ಜನರಲ್ ದ ಗಾಲ್ ನಿಲುವು. ಸೋತು, ಒಡೆದು ಹೋಗಿದ್ದ ದೇಶವನ್ನು ಒಟ್ಟು ಮಾಡೋಕೆ ಆ ಮಾತು ಬೇಕಾಗಿತ್ತು, ಅದನ್ನು ಒಪ್ಪೋಣ. ಆದರೆ ಅದರ ಇನ್ನೊಂದು ಅರ್ಥ ಏನಾಯ್ತು? ಬಾಗಿಲು ಬಡಿದ ಪೊಲೀಸರು ಯಾವ ದೇಶದವರೂ ಅಲ್ಲ ಅಂತಾಯ್ತು. ಬದುಕುಳಿದವರು, ಸತ್ತವರ ಮನೆಯವರು ಪ್ರತಿ ಜುಲೈನಲ್ಲಿ ಆ ಕ್ರೀಡಾಂಗಣದ ಹತ್ತಿರ ಸೇರ್ತಿದ್ರು. ಅಲ್ಲಿ ಒಂದು ಫಲಕವೂ ಇತ್ತು. ಅದರಲ್ಲಿದ್ದದ್ದು ನಾತ್ಸಿಗಳ ಆದೇಶದ ಮಾತು. ಫ್ರೆಂಚ್ ಪೊಲೀಸರ ಮಾತಿರಲಿಲ್ಲ. 1959ರಲ್ಲಿ ಕ್ರೀಡಾಂಗಣವನ್ನೇ ಕೆಡವಿದರು.

ಆ ಬಂಧನಗಳ ಹಿಂದಿದ್ದ ಪೊಲೀಸ್ ಮುಖ್ಯಸ್ಥ ರೆನೆ ಬುಸ್ಕೆ. ಅವನ ಗತಿ ಏನಾಯ್ತು? 1949ರಲ್ಲಿ ವಿಚಾರಣೆ ನಡೀತು. ಐದು ವರ್ಷ ನಾಗರಿಕ ಹಕ್ಕು ರದ್ದು ಅಂತ ಶಿಕ್ಷೆ ಕೊಟ್ಟು, ಪ್ರತಿರೋಧ ಚಳವಳಿಗೆ ಸಹಾಯ ಮಾಡಿದ್ದಾನೆ ಅಂತ ಹೇಳಿ ಆ ಶಿಕ್ಷೆಯನ್ನೂ ತಕ್ಷಣ ಮನ್ನಾ ಮಾಡಿದರು. ಆಮೇಲೆ ಅವನು ದೊಡ್ಡ ಬ್ಯಾಂಕಿನಲ್ಲಿ ದೊಡ್ಡ ಹುದ್ದೆಯಲ್ಲಿದ್ದ, ರಾಜಕಾರಣಿಗಳ ಸ್ನೇಹಿತನಾಗಿದ್ದ. ಮಾನವತೆಯ ವಿರುದ್ಧದ ಅಪರಾಧ ಅಂತ ಆರೋಪ ಬಂದಿದ್ದು 1991ರಲ್ಲಿ. 1993ರಲ್ಲಿ, ವಿಚಾರಣೆಗೆ ಮುಂಚೆಯೇ, ಅವನ ಮನೆಯಲ್ಲೇ ಒಬ್ಬ ಗುಂಡಿಟ್ಟು ಕೊಂದ. ಕೋರ್ಟ್‌ನಲ್ಲಿ ಹೊರಬರಬೇಕಿದ್ದ ಎಷ್ಟೋ ವಿಷಯ ಅವನ ಜೊತೆಗೇ ಹೋಯ್ತು.

ಹಾಗಾದ್ರೆ ಕರ್ತೃ ವಾಕ್ಯಕ್ಕೆ ವಾಪಸ್ ಬಂದಿದ್ದು ಹೇಗೆ? ತಾನಾಗೇ ಬರಲಿಲ್ಲ. ಕೆಲವರು ಪಟ್ಟು ಹಿಡಿದು ಕೆಲಸ ಮಾಡಿದರು.

ಮೊದಲನೆಯವರು ರಾಬರ್ಟ್ ಪ್ಯಾಕ್ಸ್‌ಟನ್, ಅಮೆರಿಕದ ಇತಿಹಾಸಕಾರ. ಫ್ರಾನ್ಸ್‌ನ ಕಡತಗಳು ಸಿಗದಿದ್ದಾಗ ಅವರು ಜರ್ಮನ್ ಕಡತಗಳನ್ನು ಓದಿದರು. ಜರ್ಮನ್ನರು ಕೇಳೋ ಮುಂಚೆಯೇ ವಿಶಿ ಸರ್ಕಾರ ಎಷ್ಟೆಲ್ಲ ಮಾಡಿತ್ತು ಅಂತ 1972ರಲ್ಲಿ ಪುಸ್ತಕ ಬರೆದರು.

ಎರಡನೆಯವರು ಸೆರ್ಜ್ ಕ್ಲಾರ್ಸ್‌ಫೆಲ್ಡ್ ಮತ್ತು ಅವರ ಹೆಂಡತಿ ಬೆಯಾಟೆ. 1943ರಲ್ಲಿ ನೀಸ್ ನಗರದಲ್ಲಿ ಸೆರ್ಜ್ ಚಿಕ್ಕ ಹುಡುಗ. ಬೀರುವಿನ ಹಿಂದೆ ತಾಯಿ, ಅಕ್ಕನ ಜೊತೆ ಅಡಗಿ ಕೂತಿದ್ದಾಗ ಅವರ ತಂದೆಯನ್ನು ಗೆಸ್ಟಾಪೊದವರು ಹಿಡ್ಕೊಂಡು ಹೋದರು. ತಂದೆ ಔಶ್ವಿಟ್ಜ್‌ನಲ್ಲಿ ತೀರಿಕೊಂಡರು. ದೊಡ್ಡವರಾದ ಮೇಲೆ ಸೆರ್ಜ್ ಮಾಡಿದ ಕೆಲಸ ನೋಡಿ. ಪ್ರತಿ ರೈಲು ಹೊರಡೋ ಮುಂಚೆ ಅಧಿಕಾರಿಗಳು ಪ್ರಯಾಣಿಕರ ಪಟ್ಟಿ ಟೈಪ್ ಮಾಡಿಸಿದ್ದರು. ಅದರ ತೆಳು ಹಾಳೆಯ ನಕಲುಗಳು ಉಳಿದಿದ್ದವು. ಅವನ್ನು ಒಂದೊಂದಾಗಿ ಓದಿ, ರೈಲಿನ ಪ್ರಕಾರ ಹೆಸರು, ಹುಟ್ಟಿದ ದಿನ, ಹುಟ್ಟಿದ ಊರು ಜೋಡಿಸಿ ಗಂಡ ಹೆಂಡತಿ 1978ರಲ್ಲಿ ಪುಸ್ತಕ ತಂದರು. ಕಥೆ ಇಲ್ಲ, ವರ್ಣನೆ ಇಲ್ಲ. ಬರೀ ಹೆಸರು. ಜನರನ್ನು ಇಲ್ಲವಾಗಿಸೋಕೆ ಮಾಡಿದ ಪಟ್ಟಿಯೇ ಅವರು ಇದ್ದರು ಅನ್ನೋದಕ್ಕೆ ಸಾಕ್ಷಿ ಆಯ್ತು. ಇವತ್ತು ಪ್ಯಾರಿಸ್‌ನ ಶೋವಾ ಸ್ಮಾರಕದ ಗೋಡೆಗಳ ಮೇಲೆ ಆ 76 ಸಾವಿರ ಹೆಸರುಗಳಿವೆ. 2005ರಲ್ಲಿ ಕೆತ್ತಿದ ಮೇಲೂ ಸುಮ್ಮನೆ ಬಿಡಲಿಲ್ಲ. ಸ್ಪೆಲಿಂಗ್, ಜನ್ಮವರ್ಷಗಳನ್ನೆಲ್ಲ ಸರಿಪಡಿಸಿ 2020ರಲ್ಲಿ ಮತ್ತೆ ಕೆತ್ತಿದರು.

ನಮ್ಮ ಫೋನ್‌ಗಳಿಗೆ ಸಂಬಂಧಪಟ್ಟ ಒಂದು ವಿಷಯ ಇಲ್ಲೇ ಹೇಳಿಬಿಡ್ತೀನಿ. ವೆಲ್ ದಿವ್ ಒಳಗೆ ಜನ ಕೂತಿರೋ ಒಂದು ಫೋಟೊ ವರ್ಷಗಟ್ಟಲೆ ಓಡಾಡ್ತಿತ್ತು. 1980ರ ದಶಕದಲ್ಲಿ ಕ್ಲಾರ್ಸ್‌ಫೆಲ್ಡ್ ಅದು 1942ರದ್ದಲ್ಲ ಅಂತ ತೋರಿಸಿಕೊಟ್ಟರು. ಅದರಲ್ಲಿರೋರು 1944ರಲ್ಲಿ ನಾತ್ಸಿಗಳಿಗೆ ಸಹಕರಿಸಿದ ಶಂಕೆ ಮೇಲೆ ಕೂಡಿಹಾಕಿದ್ದ ಜನ! ಅಂದ್ರೆ ಪೂರ್ತಿ ಉಲ್ಟಾ. ಆ ಬಂಧನದ ದಿನದ್ದು ಅಂತ ಗೊತ್ತಿರೋ ಫೋಟೊದಲ್ಲಿ ಕಾಣೋದು ಹೊರಗೆ ನಿಂತಿರೋ ಖಾಲಿ ಬಸ್‌ಗಳು. ನೋಡೋಕೆ ಏನೂ ಇಲ್ಲ ಅನ್ನಿಸುತ್ತೆ. ಆದರೂ ತನ್ನ ತಂದೆಯನ್ನೇ ಕಳ್ಕೊಂಡ ಮನುಷ್ಯ, ತನ್ನ ಪರವಾಗಿದ್ದ ಫೋಟೊನೇ ಸುಳ್ಳು ಅಂತ ಹೇಳಿದ್ರು. ಇತಿಹಾಸವನ್ನು ಅಲ್ಲಗಳೆಯೋರಿಗೆ ಒಂದು ತಪ್ಪು ಫೋಟೊ ಸಾಕು, ‘ಇದು ಸುಳ್ಳಾದ್ರೆ ಉಳಿದದ್ದೂ ಸುಳ್ಳು’ ಅಂತಾರೆ. ಒಳ್ಳೆ ಉದ್ದೇಶದಿಂದ ಫಾರ್ವರ್ಡ್ ಮಾಡೋ ನಮಗೂ ಇದು ಅನ್ವಯ.

ಇನ್ನು ರಾಜಕಾರಣ. 1992ರಲ್ಲಿ, ಐವತ್ತನೇ ವರ್ಷ, ಅಧ್ಯಕ್ಷ ಮಿತೆರಾಂ ಅವರನ್ನು ಕೇಳಿದರು: ದೇಶದ ಪರವಾಗಿ ಒಪ್ಪಿಕೊಳ್ತೀರಾ? ಗಣರಾಜ್ಯ ಇದಕ್ಕೆ ಹೊಣೆ ಅಲ್ಲ ಅಂದರು. ಮರುವರ್ಷ ಸ್ಮರಣೆಯ ದಿನ ಘೋಷಿಸಿದರು, ಆದರೆ ಹೊಣೆ ಒಪ್ಪಲಿಲ್ಲ. 1995ರ ಜುಲೈ 16ಕ್ಕೆ ಹೊಸ ಅಧ್ಯಕ್ಷ ಜಾಕ್ ಶಿರಾಕ್ ಆ ಜಾಗಕ್ಕೆ ಬಂದರು. ಆಕ್ರಮಣಕಾರರ ಕೃತ್ಯಕ್ಕೆ ಫ್ರೆಂಚರು, ಫ್ರೆಂಚ್ ರಾಜ್ಯ ಕೈಜೋಡಿಸಿತು ಅಂತ ಬಾಯಿಬಿಟ್ಟು ಹೇಳಿದರು. ಕರ್ತೃ ಸಿಕ್ಕಿದ. 1942ರಿಂದ ಲೆಕ್ಕ ಹಾಕಿ, 53 ವರ್ಷ.

ಕರ್ತೃ ಸಿಕ್ಕರೆ ಏನು ಲಾಭ ಅಂತೀರಾ? ನಾನು ಬಿ.ಕಾಂ ಓದಿದವಳು, ನನಗೆ ಇದು ಡಬಲ್ ಎಂಟ್ರಿ ಥರ ಕಾಣುತ್ತೆ. ಒಬ್ಬರ ಖಾತೆಯಿಂದ ಹೋದದ್ದು ಇನ್ನೊಂದು ಖಾತೆಗೆ ಬಂದಿರಲೇಬೇಕು. ‘ಯಹೂದಿಗಳು ಅಂಗಡಿ, ಮನೆ, ಉಳಿತಾಯ ಕಳ್ಕೊಂಡರು’ ಅನ್ನೋದು ಒಂದೇ ಎಂಟ್ರಿ. ಆ ಅಂಗಡಿ ಈಗ ಯಾರ ಹತ್ತಿರ ಇದೆ? ಆ ಬ್ಯಾಂಕ್ ಖಾತೆ ಎಲ್ಲಿ? ಈ ಎರಡನೇ ಎಂಟ್ರಿ ಹುಡುಕೋಕೆ ಫ್ರಾನ್ಸ್ 1997ರಲ್ಲಿ ಒಂದು ಆಯೋಗ ಮಾಡಿತು. ವಾರಸುದಾರರಿಗೆ ಪರಿಹಾರದ ವ್ಯವಸ್ಥೆ ಬಂತು. ಯಾರಿಗೂ ಹಿಂದಿರುಗಿಸದೆ ಉಳಿದಿದ್ದ ಹಣಕ್ಕೆ ಸರ್ಕಾರ, ಬ್ಯಾಂಕುಗಳು ಸೇರಿ 39.3 ಕೋಟಿ ಯುರೋ ಕೊಟ್ಟವು. ಆ ಹಣದಿಂದ 2000ದಲ್ಲಿ ಸ್ಮರಣೆ ಮತ್ತು ಶಿಕ್ಷಣಕ್ಕೆ ಒಂದು ಪ್ರತಿಷ್ಠಾನ ಶುರುವಾಯ್ತು. ‘ಕಳ್ಕೊಂಡರು’ ಅಂತ ಮಾತ್ರ ಬರೆದುಕೊಂಡು ಕೂತಿದ್ರೆ ಇದು ಯಾವುದೂ ಆಗ್ತಿರಲಿಲ್ಲ.

ಇದೇ ರೀತಿ ಪ್ಯಾರಿಸ್‌ನ ನೂರಾರು ಶಾಲೆಗಳ ಗೋಡೆ ಮೇಲೆ ಈಗ ಕಪ್ಪು ಫಲಕಗಳಿವೆ. ಈ ಶಾಲೆಯ ಮಕ್ಕಳನ್ನು ಕರೆದೊಯ್ದದ್ದರಲ್ಲಿ ವಿಶಿ ಸರ್ಕಾರದ ಪಾತ್ರ ಇತ್ತು ಅಂತ ನೇರವಾಗಿ ಬರೆದಿದ್ದಾರೆ. ಅದೇ ಬೆಂಚಿನಲ್ಲಿ ಕೂತು ಓದೋ ಇವತ್ತಿನ ಮಕ್ಕಳು ದಿನಾ ಅದರ ಕೆಳಗೆ ಹಾದು ಹೋಗ್ತಾರೆ. 2017ರಲ್ಲಿ ಹಳೆಯ ಕ್ರೀಡಾಂಗಣದ ಜಾಗದಲ್ಲಿ ಒಂದು ಪುಟ್ಟ ಉದ್ಯಾನ ಮಾಡಿ ಆ 4,115 ಮಕ್ಕಳ ಹೆಸರು ಬರೆಸಿದರು.

ಹಾಗಂತ ಎಲ್ಲ ಮುಗೀತು, ಸುಖಾಂತ್ಯ ಅಂದ್ಕೋಬೇಡಿ. ಅದೇ 2017ರ ಚುನಾವಣೆಯಲ್ಲಿ ಅಧ್ಯಕ್ಷ ಸ್ಥಾನದ ಅಭ್ಯರ್ಥಿ ಮಾರೀನ್ ಲೆ ಪೆನ್, ವೆಲ್ ದಿವ್‌ಗೆ ಫ್ರಾನ್ಸ್ ಹೊಣೆ ಅಲ್ಲ ಅಂದರು. ಗೆದ್ದು ಬಂದ ಮ್ಯಾಕ್ರಾನ್ ಆ ಜುಲೈನಲ್ಲಿ ಮತ್ತೆ ಹೇಳಬೇಕಾಯ್ತು: ಇಲ್ಲ, ಮಾಡಿದ್ದು ಫ್ರಾನ್ಸೇ. ಒಮ್ಮೆ ಸರಿಪಡಿಸಿದ ವಾಕ್ಯವನ್ನು ಪ್ರತಿ ತಲೆಮಾರಿನಲ್ಲೂ ಯಾರೋ ಮತ್ತೆ ತಿದ್ದೋಕೆ ಬರ್ತಾರೆ.

ಕರ್ತೃ ಹೆಸರು ಹೇಳೋದು ಅಂದ್ರೆ ಇವತ್ತಿನ ಫ್ರೆಂಚರನ್ನೆಲ್ಲ ಅಪರಾಧಿಗಳು ಅನ್ನೋದಲ್ಲ. ಶಿರಾಕ್‌ಗೆ 1942ರಲ್ಲಿ ಒಂಬತ್ತು ವರ್ಷ, ಅವರೇನೂ ಬಾಗಿಲು ಬಡಿದಿರಲಿಲ್ಲ. ಅಪರಾಧ ಬೇರೆ, ಹೊಣೆ ಬೇರೆ. ಇನ್ನೊಂದು ವಿಷಯ. ‘ಪೊಲೀಸರು ಬಂಧಿಸಿದರು’ ಅಂತ ಹೇಳಿದಾಗಲೇ ‘ಆ ಪೊಲೀಸ್ ಮಾತ್ರ ಮುಂಚಿನ ರಾತ್ರಿ ಹೋಗಿ ಎಚ್ಚರಿಸಿದ’ ಅನ್ನೋದಕ್ಕೂ ಜಾಗ ಸಿಗೋದು. ಬರೀ ‘ಬಂಧಿಸಲಾಯಿತು’ ಅಂದುಬಿಟ್ರೆ ತಪ್ಪು ಮಾಡಿದವನ ಜೊತೆ ಧೈರ್ಯ ತೋರಿಸಿದವನೂ ಅಳಿಸಿಹೋಗ್ತಾನೆ.

ಹಾಗಾಗಿ ಈ ವಾರಕ್ಕೆ ಒಂದು ಸಣ್ಣ ಕೆಲಸ. ಯಾವುದೇ ದೇಶದ, ಯಾವುದೇ ಕಾಲದ ಹಿಂಸೆಯ ಬಗ್ಗೆ ಓದುವಾಗ ‘-ಲಾಯಿತು’ ಕಂಡರೆ ಸ್ಕ್ರೋಲ್ ಮಾಡೋ ಮುಂಚೆ ಒಂದು ಕ್ಷಣ ನಿಲ್ಲಿ. ಮಾಡಿದ್ದು ಯಾರು, ಪಟ್ಟಿ ಕೊಟ್ಟಿದ್ದು ಯಾರು, ಆಮೇಲೆ ಆ ಮನೆಯಲ್ಲಿ ವಾಸ ಮಾಡಿದ್ದು ಯಾರು ಅಂತ ಕೇಳಿ. ಉತ್ತರ ಆ ಬರಹದಲ್ಲಿ ಸಿಗದಿದ್ರೆ ಬೇರೆ ಕಡೆ ಹುಡುಕಿ.